ಶರಬತ್ತಿನವಳು

ನನಗೆ ನಲವತ್ತು ದಾಟಿದೆ, ನಮ್ಮೂರಿನ ಬಸ್ಸಿನಲ್ಲಿ ಇವತ್ತಿಗೂ ಅರ್ಧ ಟಿಕೆಟ್. ಕಂಡಕ್ಟರ್ ನನಗಿಂತ ಎಷ್ಟೋ ಚಿಕ್ಕವನು. "ಒಳಗೆ ಹೋಗು ಮಗಾ, ಬಾಗಿಲಲ್ಲಿ ನಿಲ್ಬೇಡ" ಎನ್ನುತ್ತಾನೆ. ಹೋಗುತ್ತೇನೆ. ಅವನ ಮದುವೆಯ ಕೋಟು ಹೊಲಿದವಳು ನಾನು, ಹೊಟ್ಟೆ ಬೆಳೆದರೆ ಬಿಡಿಸಿಕೊಳ್ಳಲಿ ಎಂದು ಒಳಗೆ ಎಷ್ಟು ಬಟ್ಟೆ ಮಡಚಿ ಬಿಟ್ಟಿದ್ದೇನೆ ಎಂಬುದೂ ನನಗೆ ಗೊತ್ತು. ಆದರೂ ಅವನು ದೊಡ್ಡವನು, ನಾನು ಮಗು. ಮದುವೆ ಊಟಕ್ಕೆ ನನ್ನನ್ನು ಮಕ್ಕಳ ಪಂಕ್ತಿಯಲ್ಲಿ ಕೂರಿಸುತ್ತಾರೆ, ಅಲ್ಲಿ ಬಡಿಸುವಾಗ ಪಾಯಸ ಇನ್ನೂ ಬಿಸಿ ಇರುತ್ತದೆ. ನನಗೇನು ನಷ್ಟ?

ಊರಿನ ಪದ್ಧತಿ ಹೀಗೆ. ಕ್ರಿಸ್ಮಸ್ಸಿನ ಹಿಂದಿನ ದಿನ ಮಧ್ಯಾಹ್ನ ಹಾಲ್‌ನಲ್ಲಿ ಒಂದು ಚಿತ್ರ ಹಾಕುತ್ತಾರೆ. ಪ್ರತಿ ವರ್ಷವೂ ಅದೇ ಚಿತ್ರ. ಮಕ್ಕಳಿಗೆ ಅದು ಕಾಣುತ್ತದೆ, ದೊಡ್ಡವರಿಗೆ ಕಾಣುವುದಿಲ್ಲ. ದೊಡ್ಡವರಿಗೆ ಇರುವುದು ಬಿಳಿ ಪರದೆ ಮತ್ತು ಮೆಷಿನ್ನಿನ ಕಿರಕಿರ ಸದ್ದು, ಅಷ್ಟೇ. ಹಾಗೆಂದು ಯಾರೂ ಮನೆಯಲ್ಲಿ ಕೂರುವುದಿಲ್ಲ. ಇಗರ್ಜಿಗೆ ಹೋಗುವವರು, ದೇವಸ್ಥಾನಕ್ಕೆ ಹೋಗುವವರು, ಮಸೀದಿಗೆ ಹೋಗುವವರು, ಎಲ್ಲಿಗೂ ಹೋಗದವರು ಎಲ್ಲರೂ ಇಸ್ತ್ರಿ ಹಾಕಿದ ಬಟ್ಟೆ ಉಟ್ಟು ಬರುತ್ತಾರೆ. ಒಂದೊಂದು ಮಗುವಿನ ಅಕ್ಕಪಕ್ಕ ದೊಡ್ಡವರು ಕಿವಿ ಕೊಟ್ಟು ಕೂರುತ್ತಾರೆ, ಮಗು ಚಿತ್ರವನ್ನು ಹೇಳುತ್ತಾ ಹೋಗುತ್ತದೆ. ಮಕ್ಕಳಿಲ್ಲದವರು ಪಕ್ಕದ ಮನೆಯಿಂದ ಕೇಳಿ ಕರೆದುಕೊಂಡು ಬರುತ್ತಾರೆ. ಬಾಯಿ ಚುರುಕಿರುವ ಮಕ್ಕಳಿಗೆ ನವೆಂಬರಿನಲ್ಲೇ ಬೇಡಿಕೆ ಶುರು. ನಮ್ಮ ಹೆಡ್‌ಮಾಸ್ಟರು ಒಮ್ಮೆ ತಡ ಮಾಡಿ, ಯಾರೂ ಸಿಗದೆ, ಆಗಷ್ಟೇ ಮಾತು ಕಲಿತಿದ್ದ ಕೂಸೊಂದನ್ನು ತೊಡೆಯ ಮೇಲೆ ಕೂರಿಸಿಕೊಂಡು ಇಡೀ ಚಿತ್ರಕ್ಕೆ "ಕತ್ತೆ, ಕತ್ತೆ" ಎಂಬುದೊಂದನ್ನೇ ಕೇಳಿಸಿಕೊಂಡು ಬಂದರು. ಚಿತ್ರದಲ್ಲಿ ಕತ್ತೆ ಇರುವುದು ನಿಜ.

ಮಧ್ಯಂತರದಲ್ಲಿ ನಬೀಸಮ್ಮ ಹಾಲ್‌ನ ಹಿಂಬದಿಗೆ ಮೇಜಿನ ಮೇಲೆ ಎರಡು ದೊಡ್ಡ ಪಾತ್ರೆ ಇಟ್ಟುಕೊಂಡು ನಿಲ್ಲುತ್ತಾರೆ. ಒಂದರಲ್ಲಿ ಕಾಫಿ, ಇನ್ನೊಂದರಲ್ಲಿ ಕೆಂಪು ಶರಬತ್ತು. "ಯಾವುದು?" ಎಂದು ಪ್ರತಿಯೊಬ್ಬರನ್ನೂ ಕೇಳುತ್ತಾರೆ. ಚಿತ್ರ ಕಂಡವರು ಶರಬತ್ತು ತೆಗೆದುಕೊಳ್ಳಬೇಕು, ಕಾಣದವರು ಕಾಫಿ. ಯಾರೂ ಪರೀಕ್ಷೆ ಮಾಡುವುದಿಲ್ಲ, ಆಣೆ ಹಾಕಿಸುವುದಿಲ್ಲ. ಹಿಡಿದ ಲೋಟವೇ ಮಾತು. ಮೊದಲ ಸಲ ಕಾಫಿ ಹಿಡಿದವರು ಅವತ್ತಿನಿಂದ ದೊಡ್ಡವರು. ಮನೆಯಲ್ಲಿ ವಾಚೋ ಸೀರೆಯೋ ಕೊಡುತ್ತಾರೆ, ಬೀದಿಯಲ್ಲಿ ಜನ ಬಹುವಚನದಲ್ಲಿ ಮಾತಾಡಿಸುತ್ತಾರೆ. ವಾಚಿನ ಆಸೆಗೆ ಬೇಗ ಕಾಫಿ ಹಿಡಿದು, ಮಧ್ಯಂತರದ ನಂತರ ಬಿಳಿ ಪರದೆ ನೋಡುವವರ ಹಾಗೆ ಮುಖ ಮಾಡಿಕೊಂಡು ಕೂತು, ಕತ್ತೆ ಮೆಟ್ಟಿಲು ಇಳಿಯುವಾಗ ಕಿಸಕ್ಕನೆ ನಕ್ಕ ಹುಡುಗರನ್ನು ನಾನು ನೋಡಿದ್ದೇನೆ. ಕಂಡದ್ದನ್ನು ಬಾಯಿಬಿಟ್ಟು ಹೇಳದಿರುವ ತನಕ ಯಾರೂ ಏನೂ ಅನ್ನುವುದಿಲ್ಲ. ಒಂದೆರಡು ವರ್ಷದಲ್ಲಿ ನಗು ತಾನೇ ನಿಲ್ಲುತ್ತದೆ.

ನನಗೆ ಮಾತ್ರ ನಿಲ್ಲಲಿಲ್ಲ. ನನ್ನ ಓರಗೆಯವರೆಲ್ಲ ಕಾಫಿಯವರಾದರು, ಅವರ ಮಕ್ಕಳೂ ಕೆಲವರು ಆದರು, ನಾನು ಶರಬತ್ತಿನ ಸಾಲಿನಲ್ಲೇ ನಿಂತೆ. ಒಮ್ಮೆ ಒಂದು ಸಂಬಂಧ ಬಂದಿತ್ತು. ಹುಡುಗ ಒಳ್ಳೆಯವನು, ಮೀಸೆ ಚೆನ್ನಾಗಿತ್ತು, ನನಗೂ ಮನಸ್ಸಿತ್ತು. "ಸೆವ್ರಿನ್, ಒಂದೇ ಒಂದು ಸಲ ಕಾಫಿ ತಗೊ. ಮಗುವನ್ನು ಮದುವೆ ಆಗ್ಲಿಕ್ಕೆ ಪಾದ್ರಿಗಳು ಬಿಡುದಿಲ್ಲ ಮಾರಾಯ್ತಿ" ಎಂದ. ನಾನು ಆಗುವುದಿಲ್ಲ ಎಂದೆ. ಕಣ್ಣೆದುರಿಗೆ ಇರುವುದನ್ನು ಇಲ್ಲ ಎಂದು ಹೇಳಿ ಗಂಡ ಕಟ್ಟಿಕೊಳ್ಳುವ ದರಿದ್ರ ನನಗೇನು ಬಂದಿತ್ತು? ಅವನು ಬೇರೆ ಮದುವೆಯಾದ, ನಾನು ಒಂದು ವಾರ ಅತ್ತೆ, ಆಮೇಲೆ ಅವನ ಹೆಂಡತಿಗೆ ರವಿಕೆ ಹೊಲಿದುಕೊಟ್ಟೆ.

ನಾನು ಮಗುವಾಗಿ ನೆಮ್ಮದಿಯಿಂದ ಇದ್ದದ್ದು ಅಕ್ಕ ಹಿಲ್ಡಾ ಇದ್ದದ್ದರಿಂದ. ನಮ್ಮ ಮನೆಯ ಕಾಫಿಯವಳು ಅವಳು. ನನ್ನ ಹೊಲಿಗೆ ಅಂಗಡಿಗೆ, ಕರೆಂಟಿಗೆ, ಎಲ್ಲದಕ್ಕೂ ಸಹಿ ಅವಳದ್ದು. ಅವಳ ಗಂಡ ಕಡಲಿನಲ್ಲಿ ತೀರಿಹೋದ ಮೇಲೆ ಕಂಕುಳಲ್ಲಿ ಕೂಸು ಜೀಟಾಳನ್ನು ಎತ್ತಿಕೊಂಡು ತಾಯಿಮನೆಗೆ ಬಂದಿದ್ದಳು. ಅಂದಿನಿಂದ ಮೂವರೂ ಒಂದೇ ಮನೆಯಲ್ಲಿ. ಜೀಟಾ ಮತ್ತು ನಾನು ಜಗಳ ಮಾಡಿದರೆ ಹಿಲ್ಡಾ ಇಬ್ಬರಿಗೂ ಒಂದೊಂದು ಏಟು ಕೊಡುತ್ತಿದ್ದಳು. ಚಿತ್ರದ ದಿನ ನಮ್ಮಿಬ್ಬರ ನಡುವೆ ಕೂತು ಈ ಕಿವಿಗೆ ಒಂದು, ಆ ಕಿವಿಗೆ ಒಂದು ಕೇಳಿಸಿಕೊಳ್ಳುತ್ತಿದ್ದಳು. "ನನ್ನಷ್ಟು ಶ್ರೀಮಂತೆ ಈ ಹಾಲ್‌ನಲ್ಲಿ ಯಾರಿದ್ದಾರೆ? ಎಲ್ರಿಗೂ ಒಂದು ಚಿತ್ರ, ನನಗೆ ಎರಡು" ಎನ್ನುತ್ತಿದ್ದಳು. ಈ ವರ್ಷ ಮಳೆಗಾಲದ ಜ್ವರದಲ್ಲಿ ತೀರಿಕೊಂಡಳು. ಮೂರನೇ ಕ್ಲಾಸಿನ ಜೀಟಾ ಒಂದು ಹನಿ ಕಣ್ಣೀರು ಹಾಕಲಿಲ್ಲ. ಮಣ್ಣು ಮಾಡುವಾಗಲೂ ಇಲ್ಲ, ಆಮೇಲೂ ಇಲ್ಲ. ನನಗೆ ಅದೇ ಹೆದರಿಕೆಯಾಗಿತ್ತು.

ಡಿಸೆಂಬರ್ ಶುರುವಿನಲ್ಲಿ ಪಾಸ್ಕಲ್ ಬಂದ. ಜೀಟಾಳ ದೊಡ್ಡಪ್ಪ, ಅವಳ ಅಪ್ಪನ ಅಣ್ಣ. ದೋಣಿಯಲ್ಲಿ ಹಗಲಿಡೀ ಹೋಗಬೇಕಾದ ಬಂದರಿನಲ್ಲಿ ಅವನ ಸಂಸಾರ. ಕೆಟ್ಟ ಮನುಷ್ಯನಲ್ಲ, ಬರುವಾಗ ಒಣ ಸಿಗಡಿಯ ಕಟ್ಟು ತಂದಿದ್ದ. ಆದರೆ ಊರಿನ ಪದ್ಧತಿ ಅವನಿಗೆ ನೆನಪಿತ್ತು, ಇಲ್ಲೇ ಹುಟ್ಟಿ ಇಲ್ಲೇ ಕಾಫಿ ಕುಡಿದವನಲ್ಲವೆ. ಮನೆಗೊಬ್ಬರು ಕಾಫಿಯವರು ಇರಬೇಕು. ಇಲ್ಲದ ಮನೆಗೆ ಬೀಗ ಹಾಕಿ, ಮಕ್ಕಳನ್ನು ಸಂಬಂಧದವರು ಕರೆದುಕೊಂಡು ಹೋಗಬೇಕು.

"ಜೀಟಾಳನ್ನು ಹಬ್ಬದ ಮರುದಿನ ಕರ್ಕೊಂಡು ಹೋಗ್ತೇನೆ. ನನ್ನ ಮೂವರ ಜೊತೆ ನಾಲ್ಕನೆಯವಳು" ಎಂದ. ಆಮೇಲೆ ನನ್ನ ಕಡೆ ತಿರುಗಿ, ದನಿ ಮೆತ್ತಗೆ ಮಾಡಿ, "ನೀನು ಹೆದರ್ಬೇಡ ಮಗಾ. ಸಿಸ್ಟರುಗಳ ಹತ್ರ ಮಾತಾಡಿದ್ದೇನೆ. ಬೋರ್ಡಿಂಗಿನಲ್ಲಿ ನಿನಗೆ ಒಂದು ಮಂಚ ಕೊಡ್ತಾರಂತೆ" ಎಂದ.

"ಬೋರ್ಡಿಂಗಿಗಾ? ಆ ಬೋರ್ಡಿಂಗಿನ ಮಕ್ಕಳ ಯೂನಿಫಾರ್ಮ್ ಹೊಲಿಯುದು ನಾನು!"

"ಮತ್ತೆ ಒಳ್ಳೇದಾಯ್ತಲ್ಲ, ಅಳತೆ ಗೊತ್ತುಂಟು" ಎಂದ ಪುಣ್ಯಾತ್ಮ. ತಮಾಷೆಗೆ ಹೇಳಿದ್ದೂ ಅಲ್ಲ. ನನಗೆ ಕತ್ತರಿ ಎತ್ತಿ ಎಸೆಯುವಷ್ಟು ಸಿಟ್ಟು ಬಂತು, ಎಸೆಯಲಿಲ್ಲ. ಜೀಟಾ ಬಾಗಿಲ ಸಂದಿಯಲ್ಲಿ ನಿಂತು ಎಲ್ಲ ಕೇಳುತ್ತಿದ್ದಳು.

ಅವನು ಹೋದ ಮೇಲೆ ಅವಳು ಬಂದು ಹೊಲಿಗೆ ಮೆಷಿನ್ನಿನ ಪಕ್ಕ ನಿಂತಳು. "ಚಿಕ್ಕಮ್ಮ, ನೀನು ಈ ಸಲ ಕಾಫಿ ತಗೊಂಡ್ರೆ?"

ಮದುವೆಗೆ ಬಗ್ಗದವಳು ನಾನು. ಆದರೆ ಆ ಮುಖ ನೋಡಿ ಹೇಗೆ ಆಗುವುದಿಲ್ಲ ಎನ್ನಲಿ? ತಗೊಳ್ತೇನೆ ಎಂದೆ. ಆ ಮಾತು ಹಿಂದಕ್ಕೆ ತೆಗೆದುಕೊಳ್ಳಲಿಲ್ಲ. ಹುಡುಗಿ ಹೋಗುವುದಾದರೆ ನನ್ನ ಸತ್ಯ ಹಿಡಿದುಕೊಂಡು ಯಾವ ಮೂಲೆಯಲ್ಲಿ ಕೂರಲಿ?

ಅಲ್ಲಿಂದ ನಮ್ಮ ತಾಲೀಮು. ಸಂಜೆ ಹೊತ್ತು ಅಂಗಡಿ ಮುಚ್ಚಿ ಗೋಡೆಗೆ ಬಿಳಿ ಲೈನಿಂಗ್ ಬಟ್ಟೆ ತೂಗುಹಾಕಿ ಎದುರಿಗೆ ಕೂರುತ್ತಿದ್ದೆವು. ಜೀಟಾ ಚಿತ್ರ ಹೇಳುವುದು, ನಾನು ಕಾಣದವಳ ಹಾಗೆ ಕೇಳುವುದು. "ಹಾಗಲ್ಲ ಚಿಕ್ಕಮ್ಮ, ನಿನ್ನ ಕಣ್ಣು ಓಡ್ತಾ ಉಂಟು. ಅಮ್ಮ ಹೀಗೆ ಕೂರ್ತಿದ್ದಳು" ಎಂದು ತೋರಿಸಿಕೊಟ್ಟಳು. ಹಿಲ್ಡಾ ತಲೆ ಸ್ವಲ್ಪ ಓರೆ ಮಾಡಿ, ಕಣ್ಣನ್ನು ಎದುರಿನವರ ಬೆನ್ನ ಮೇಲೆ ಇಟ್ಟು, "ಹೌದಾ? ಮತ್ತೆ?" ಎನ್ನುತ್ತಿದ್ದಳು. ನಾನೂ ಹಾಗೆ ಮಾಡಿದೆ. ಒಂದು ವಾರದಲ್ಲಿ ಎಷ್ಟು ಚೆನ್ನಾಗಿ ಕಲಿತೆನೆಂದರೆ, ಯಾರಾದರೂ ನೋಡಿದ್ದರೆ ಹುಟ್ಟು ಕಾಫಿಯವಳು ಎನ್ನಬೇಕು. ಮಾಡುವುದಾದರೆ ಸರಿಯಾಗಿ ಮಾಡಬೇಕು ನೋಡಿ, ಅರೆಬರೆ ಕೆಲಸ ನನಗೆ ಆಗದು.

ಚಿತ್ರದ ದಿನ ಹಾಲ್ ತುಂಬಿತ್ತು. ಪಾಸ್ಕಲ್ ನಮ್ಮ ಹಿಂದಿನ ಸಾಲಿನಲ್ಲೇ ಕೂತ. ಬಂದರಿನವನಿಗೆ ಜೊತೆಗೆ ಮಗುವಿಲ್ಲ, ಜೀಟಾಳ ಮಾತನ್ನೇ ಕೇಳುವ ಅಂದಾಜು ಅವನದ್ದು. ಕಿಟಕಿ ಮುಚ್ಚಿದರು, ಮೆಷಿನ್ ಕಿರಗುಟ್ಟಿತು, ಪರದೆಯ ಮೇಲೆ ಹಿಮ ಬಿತ್ತು. ನಮ್ಮೂರಿನ ಮಕ್ಕಳು ಹಿಮ ಕಂಡವರಲ್ಲ. "ಹತ್ತಿ ಬೀಳ್ತಾ ಉಂಟು", "ಅಕ್ಕಿಹಿಟ್ಟು", "ಬೂದಿ, ಬೂದಿ" ಎಂದು ಹಾಲ್‌ನ ಎಲ್ಲ ಮೂಲೆಯಿಂದ ಪಿಸುಮಾತು ಎದ್ದಿತು. ನಾನು ತಲೆ ಓರೆ ಮಾಡಿ ಎದುರಿನವರ ಬೆನ್ನು ನೋಡುತ್ತಾ ಕೂತೆ. ನನ್ನ ಪಕ್ಕದಿಂದ ಮಾತ್ರ ಮಾತಿಲ್ಲ.

"ಶುರು ಮಾಡು" ಎಂದು ಮೊಣಕೈಯಿಂದ ತಿವಿದೆ.

"ಚಿಕ್ಕಮ್ಮ, ಚಿತ್ರ ಶುರುವಾಯ್ತಾ?"

ಕತ್ತಲಲ್ಲಿ ಅವಳ ಮುಖ ನೋಡಿದೆ. ಅವಳು ಪರದೆಯನ್ನೇ ನೋಡುತ್ತಿದ್ದಳು, ನಾನು ತಾಲೀಮಿನಲ್ಲಿ ನೋಡುತ್ತಿದ್ದ ಹಾಗೆ. ಆದರೆ ಅವಳದ್ದು ನಾಟಕವಾಗಿರಲಿಲ್ಲ. ಅವಳಿಗೆ ಬಿಳಿ ಪರದೆ ಕಾಣುತ್ತಿತ್ತು. ಎಂಟು ವರ್ಷದ ಹುಡುಗಿ! ದೇವರೇ, ಇಷ್ಟು ಬೇಗ ಯಾರಿಗೂ ಹೋದದ್ದಿಲ್ಲ.

ಹುಡುಗಿ ಗಟ್ಟಿ. ನಾನು ಬಾಯಿ ತೆರೆಯುವ ಮೊದಲೇ ನೆನಪಿನಿಂದ ಹೇಳತೊಡಗಿದಳು. "ಒಂದು ಮನೆ ಉಂಟು. ಅಪ್ಪ, ಅಮ್ಮ, ಮೂರು ಮಕ್ಕಳು. ಚಿಕ್ಕವಳು ಬಾಗಿಲು ತೆಗೀತಾಳೆ, ಯಾರೋ ಬರ್ತಾರೆ ಅಂತ. ಅಪ್ಪ ಚಳಿ ಅಂತ ಮುಚ್ತಾನೆ. ಅವಳು ಪುನಃ ತೆಗೀತಾಳೆ." ನಾನು "ಹೌದಾ? ಮತ್ತೆ?" ಎಂದೆ. ಆದರೆ ಚಿತ್ರ ಅವಳಿಗೆ ಕಾಯುತ್ತದೆಯೇ? ಅವಳ ಮಾತು ಇನ್ನೂ ಬಾಗಿಲಲ್ಲಿದ್ದಾಗ ಕತ್ತೆ ಅಂಗಳಕ್ಕೆ ಬಂದಾಗಿತ್ತು. ಅವಳು ಅಪ್ಪನ ಸಿಟ್ಟು ಹೇಳುವಾಗ ಕತ್ತೆ ಮೆಟ್ಟಿಲು ಹತ್ತಿತು, ಹಾಲ್‌ನ ಮಕ್ಕಳೆಲ್ಲ ಘೊಳ್ಳೆಂದು ನಕ್ಕವು. ಜೀಟಾ ಬೆಚ್ಚಿ ನಿಲ್ಲಿಸಿದಳು.

"ಎಂತಕ್ಕೆ ನಗ್ತಾರೆ?" ಎಂದು ಹಿಂದಿನಿಂದ ಪಾಸ್ಕಲ್ ಬಗ್ಗಿ ಕೇಳಿದ.

ಜೀಟಾ ನನ್ನ ತೋಳನ್ನು ಎರಡೂ ಕೈಯಲ್ಲಿ ಹಿಡಿದುಕೊಂಡಳು. ಅವಳ ಉಗುರು ನನಗೆ ನಾಟುತ್ತಿತ್ತು. "ನಂಗೆ ಕಾಣುದಿಲ್ಲ ಚಿಕ್ಕಮ್ಮ. ಏನೂ ಇಲ್ಲ ಅಲ್ಲಿ." ಆಮೇಲೆ, ಇನ್ನೂ ಸಣ್ಣ ದನಿಯಲ್ಲಿ, "ಆ ಅಮ್ಮ ಇದ್ದಾಳಾ? ಚಿತ್ರದ ಅಮ್ಮ. ಅವಳಾದ್ರೂ ಇದ್ದಾಳಾ?"

ಹಿಂದೆ ಪಾಸ್ಕಲ್ ಕಿವಿ ನಿಮಿರಿಸಿ ಕೂತಿದ್ದಾನೆ ಎಂದು ನನಗೆ ಗೊತ್ತಿತ್ತು. ಒಂದು ಮಾತು ಆಡಿದರೆ ಎಲ್ಲ ಮುಗಿಯಿತು ಎಂದೂ ಗೊತ್ತಿತ್ತು. ಸುಮ್ಮನಿದ್ದರೆ ಮಧ್ಯಂತರದಲ್ಲಿ ಕಾಫಿ ಹಿಡಿದು ಹುಡುಗಿಯನ್ನು ಉಳಿಸಿಕೊಳ್ಳಬಹುದಿತ್ತು. ಆದರೆ ಅವಳು ಕೇಳಿದ ಪ್ರಶ್ನೆಗೆ ನನಗೆ ಗೊತ್ತಿಲ್ಲ ಎಂದು ಹೇಳಿ ಉಳಿಸಿಕೊಂಡದ್ದು ಎಂಥ ಉಳಿಕೆ? ನಾನು ತಲೆ ನೆಟ್ಟಗೆ ಮಾಡಿದೆ, ಪರದೆಯನ್ನು ಕಣ್ತುಂಬ ನೋಡಿದೆ.

"ಇದ್ದಾಳೆ" ಎಂದೆ. ಪಿಸುಗುಡಲಿಲ್ಲ, ನನ್ನ ಅಂಗಡಿಯ ದನಿಯಲ್ಲೇ ಹೇಳಿದೆ. "ಒಲೆ ಹತ್ರ ಇದ್ದಾಳೆ. ಹಿಟ್ಟು ನಾದ್ತಾ ಇದ್ದಾಳೆ. ಮೂಗಿನ ಮೇಲೆ ಹಿಟ್ಟು ಮೆತ್ತಿದೆ, ಮೊಣಕೈಯಲ್ಲಿ ಒರೆಸಿಕೊಂಡಳು, ಈಗ ಹಣೆಗೂ ಆಯ್ತು. ನೀಲಿ ಬಟ್ಟೆ. ಎಡಗಡೆ ತೋಳಿನ ಹೊಲಿಗೆ ಬಿಚ್ಚಿದೆ, ನಾನಾದ್ರೆ ಒಂದು ನಿಮಿಷದಲ್ಲಿ ಹಾಕಿಕೊಡ್ತಿದ್ದೆ. ಈಗ ಚಿಕ್ಕವಳು ಓಡಿ ಬಂದು ಅಮ್ಮನ ಬಟ್ಟೆ ಎಳೀತಾ ಇದ್ದಾಳೆ. ಬಾಗಿಲಲ್ಲಿ ಒಬ್ಬ ನಿಂತಿದ್ದಾನೆ, ದಾರಿ ತಪ್ಪಿದವನು, ಕತ್ತೆ ಹಿಡ್ಕೊಂಡು ಬಂದವನು. ಅಪ್ಪನಿಗೆ ಕಾಣುದಿಲ್ಲ. ಅಮ್ಮನಿಗೂ ಕಾಣುದಿಲ್ಲ ಜೀಟಾ. ಅವಳಿಗೆ ಖಾಲಿ ಬಾಗಿಲು ಮಾತ್ರ. ಆದ್ರೂ ನೋಡು, ಕೈ ಒರೆಸಿಕೊಂಡಳು. ಮಗಳ ಮುಖ ನೋಡಿದಳು. ಈಗ ಕಪಾಟು ತೆಗೆದು ಇನ್ನೊಂದು ತಟ್ಟೆ ಇಳಿಸ್ತಾ ಇದ್ದಾಳೆ."

ಅಕ್ಕಪಕ್ಕದ ಪಿಸುಮಾತು ನಿಂತಿತ್ತು. ದೊಡ್ಡವರು ತಮ್ಮ ತಮ್ಮ ಮಕ್ಕಳನ್ನು ಬಿಟ್ಟು ನನ್ನ ಕಡೆ ಬಾಗಿದ್ದರು. ಹಿಮವನ್ನು ಬೂದಿ ಎನ್ನುವ ಮಕ್ಕಳು ಎಷ್ಟೆಂದು ಹೇಳಿಯಾವು? ಈ ಚಿತ್ರವನ್ನು ನನ್ನಷ್ಟು ಸಲ ನೋಡಿದವರು, ನೋಡಿದ್ದನ್ನು ನನ್ನಷ್ಟು ನೆಟ್ಟಗೆ ಹೇಳುವವರು ಆ ಊರಿನಲ್ಲಿ ಇನ್ನೊಬ್ಬರಿರಲಿಲ್ಲ. ಜೀಟಾಳ ಹಿಡಿತ ಸಡಿಲವಾಗಿತ್ತು. ಆಗ ದೀಪ ಹತ್ತಿತು, ಮಧ್ಯಂತರ.

ಪಾಸ್ಕಲ್ ಎದ್ದು ನಿಂತಿದ್ದ. ಅವನ ಮುಖದಲ್ಲಿ ಗೆದ್ದ ಖುಷಿ ಇರಲಿಲ್ಲ, ಸಂಕಟವೇ ಇತ್ತು. "ಸೆವ್ರಿನ್, ನಾನು ಕೇಳಿಸಿಕೊಂಡೆ. ಇನ್ನು ನೀನು ಕಾಫಿ ತಗೊಂಡ್ರೂ ಆಗ್ಲಿಕ್ಕಿಲ್ಲ" ಎಂದ. ಜೀಟಾಳ ಕೈ ಹಿಡಿಯಲು ನೋಡಿದರೆ ಅವಳು ಪಕ್ಕದಲ್ಲಿರಲಿಲ್ಲ.

ಅವಳು ನಬೀಸಮ್ಮನ ಮೇಜಿನ ಎದುರಿಗೆ ನಿಂತಿದ್ದಳು. ಮೇಜು ಅವಳ ಗಲ್ಲದಷ್ಟು ಎತ್ತರ. ನಬೀಸಮ್ಮ ಕೇಳದೆಯೇ ಶರಬತ್ತಿನ ಸೌಟು ಎತ್ತಿದ್ದರು.

"ಕಾಫಿ" ಎಂದಳು ಜೀಟಾ.

"ಇದು ಮಕ್ಕಳದ್ದಲ್ಲ ಮಗಾ."

"ನಂಗೆ ಚಿತ್ರ ಕಾಣುದಿಲ್ಲ, ನಬೀಸಮ್ಮ. ಕಾಫಿ ಕೊಡಿ."

ನಬೀಸಮ್ಮ ಅವಳನ್ನು ನೋಡಿದರು. ಹಿಲ್ಡಾಳನ್ನು ಮಣ್ಣು ಮಾಡುವಾಗ ಅವರೂ ಬಂದಿದ್ದರು. ಕಾಫಿ ಬಗ್ಗಿಸಿ, ತಣಿಯಲೆಂದು ಎರಡು ಸಲ ಎತ್ತಿ ಹೊಯ್ದು, ಲೋಟ ಕೊಟ್ಟರು. ಜೀಟಾ ಕುಡಿದಳು. ಮುಖ ಹಿಂಡಿತು, ಕಣ್ಣಲ್ಲಿ ನೀರು ಬಂತು, ಆದರೂ ಕೆಳಗಿಡದೆ ಪೂರ್ತಿ ಕುಡಿದು ಬಾಯಿ ಒರೆಸಿಕೊಂಡಳು. ಆಮೇಲೆ ನಮ್ಮ ಕಡೆ ತಿರುಗಿದಳು.

"ದೊಡ್ಡಪ್ಪ, ಮನೆಗೊಬ್ಬರು ಕಾಫಿಯವರು ಬೇಕು ಅಂದ್ರಲ್ಲ? ನಾನಿದ್ದೇನೆ. ನಮ್ಮ ಮನೆಯ ದೊಡ್ಡವಳು ನಾನು. ಚಿಕ್ಕಮ್ಮ ನಮ್ಮ ಮನೆಯ ಮಗು, ಅವಳನ್ನು ಬೋರ್ಡಿಂಗಿಗೆ ಹಾಕುದು ಬೇಡ. ನಾನು ನೋಡಿಕೊಳ್ತೇನೆ."

ಹಾಲ್‌ನಲ್ಲಿ ಎಲ್ಲರೂ ತಿರುಗಿ ನೋಡಿದರು. ಪಾಸ್ಕಲ್, "ಎಂತ ಹುಚ್ಚಾಟ ಇದು! ಮೂರನೇ ಕ್ಲಾಸಿನ ಹುಡುಗಿ! ನಬೀಸಮ್ಮ, ನೀವಾದ್ರೂ ಹೇಳಿ" ಎಂದ.

"ನಾನೆಂತ ಹೇಳುದು?" ಎಂದರು ನಬೀಸಮ್ಮ. "ನನ್ನ ಅಮ್ಮ ಇದೇ ಮೇಜಿನಲ್ಲಿ ನಿಂತು ಕೊಡ್ತಿದ್ದಳು. ವಯಸ್ಸು ಕೇಳಿ ಕೊಡು ಅಂತ ಅವಳು ನಂಗೆ ಹೇಳಿಕೊಟ್ಟದ್ದಿಲ್ಲ. ಹಿಡಿದ ಲೋಟ ಮಾತು. ನಲವತ್ತು ದಾಟಿದವಳನ್ನು ಮಗು ಅಂತ ಒಪ್ಪಿಕೊಂಡ ಊರು ಇದು, ಪಾಸ್ಕಲ್. ಈಗ ಇವರನ್ನು ಬೇಡ ಅಂತ ಹೇಗೆ ಹೇಳುದು?"

ಇವರು ಎಂದರು. ಎಂಟು ವರ್ಷದ ಹುಡುಗಿಗೆ ಬಹುವಚನ. ನನಗೆ ಹೆಮ್ಮೆಯಾಯಿತು, ದುಃಖವೂ ಆಯಿತು. ಅವಳಿಗೆ ಚಿತ್ರ ಕಾಣದೆ ಹೋದದ್ದು ನಮ್ಮನ್ನು ಉಳಿಸಿತಲ್ಲ ಎಂದು ಸಂತೋಷಪಡುವುದು ಹೇಗೆ? ಆದರೂ ಸಂತೋಷವಾಯಿತು, ಸುಳ್ಳು ಯಾಕೆ ಹೇಳಲಿ.

ಪಾಸ್ಕಲ್ ಬಂದು ಜೀಟಾಳ ಎದುರಿಗೆ ಮೊಣಕಾಲೂರಿ ಕೂತ. "ನಾನು ನಿನ್ನ ಒಳ್ಳೇದಕ್ಕೇ ಹೇಳಿದ್ದು" ಎಂದ.

"ಗೊತ್ತುಂಟು ದೊಡ್ಡಪ್ಪ. ನೀವು ದೊಡ್ಡಮ್ಮನನ್ನು ಕರ್ಕೊಂಡು ಈಸ್ಟರಿಗೆ ಬನ್ನಿ. ನಾನೇ ಕರೀತಾ ಇದ್ದೇನೆ" ಎಂದಳು ಮನೆಯ ಯಜಮಾನಿ. ಬಂದೇ ಬರುತ್ತೇನೆ ಎಂದು ಅವನು ಒಪ್ಪಿಕೊಂಡ, ಬೇರೆ ದಾರಿ ಇರಲಿಲ್ಲ.

ಮಧ್ಯಂತರದ ನಂತರ ನಾನು ಇಡೀ ಸಾಲಿಗೆ ಕೇಳುವ ಹಾಗೆ ಚಿತ್ರ ಹೇಳಿದೆ. ಹಿಂದಿನ ಸಾಲಿನವರು ಮುಂದಕ್ಕೆ ಬಾಗಿದರು, ಮುಂದಿನವರು ಹಿಂದಕ್ಕೆ ತಿರುಗಿ ಕೂತರು, ಪರದೆಯಲ್ಲಿ ಅವರಿಗೆ ನೋಡುವುದಕ್ಕೇನಿತ್ತು! "ಆ ತಟ್ಟೆಗೆ ಎಂತ ಬಡಿಸಿದಳು?" ಎಂದು ಪಾಸ್ಕಲ್ ಎರಡು ಸಲ ಕೇಳಿದ. ಜೀಟಾ ನನ್ನ ತೊಡೆಯ ಮೇಲೆ ತಲೆಯಿಟ್ಟು ಕೇಳುತ್ತಿದ್ದಳು. ಅತಿಥಿ ಊಟ ಮುಗಿಸುವ ಹೊತ್ತಿಗೆ ಅವಳಿಗೆ ನಿದ್ದೆ ಹತ್ತಿತ್ತು. ನಾನು ಹೇಳುವುದನ್ನು ನಿಲ್ಲಿಸಲಿಲ್ಲ.

ಚಿತ್ರ ಮುಗಿದಾಗ ಹೊರಗೆ ಇನ್ನೂ ಬಿಸಿಲಿತ್ತು. ಅವಳನ್ನು ಹೆಗಲ ಮೇಲೆ ಹಾಕಿಕೊಂಡು ಬೀದಿಯಲ್ಲಿ ನಡೆದೆ. ಮೂರನೇ ಕ್ಲಾಸಿನ ಹುಡುಗಿ ಎತ್ತಲು ಹಗುರವೇನಲ್ಲ, ಬೆನ್ನು ನೋಯಿತು, ಇಳಿಸಲಿಲ್ಲ. ಎದುರಿಗೆ ಸಿಕ್ಕಿದವರು ನಿಂತು ದಾರಿ ಬಿಟ್ಟರು. ಮನೆಯ ಬೀಗ ತೆಗೆದು ಒಳಗೆ ಕಾಲಿಟ್ಟಾಗ ಅವಳಿಗೆ ಎಚ್ಚರವಾಯಿತು. ಹಿಲ್ಡಾ ಇಲ್ಲದ ಅಡುಗೆಮನೆಯನ್ನು ನನ್ನ ಹೆಗಲ ಮೇಲಿಂದಲೇ ನೋಡಿದಳು. ನನ್ನ ಕುತ್ತಿಗೆ ಬಿಗಿಯಾಗಿ ಹಿಡಿದುಕೊಂಡು, "ಅಮ್ಮಾ" ಎಂದು ಅಳತೊಡಗಿದಳು. ಜ್ವರದ ದಿನದಿಂದ ಕಟ್ಟಿಟ್ಟದ್ದೆಲ್ಲ ಒಟ್ಟಿಗೆ ಬಂತು. ಅವಳ ಅಳು ಕೇಳಿ ನನಗೂ ತಡೆಯಲಾಗಲಿಲ್ಲ. ಅಲ್ಲೇ ನೆಲದ ಮೇಲೆ ಕೂತು ಇಬ್ಬರೂ ಬಾಯಿಬಿಟ್ಟು ಅತ್ತೆವು. ಸಾಕು, ಸುಮ್ಮನಿರಿ ಎಂದು ಗದರಿಸಲು ಆ ಮನೆಯಲ್ಲಿ ದೊಡ್ಡವರು ಯಾರೂ ಇರಲಿಲ್ಲ. ಅಳು ಮುಗಿದ ಮೇಲೆ ನಾನು ಎದ್ದು ಅನ್ನಕ್ಕೆ ಇಟ್ಟೆ.